ಹಳೆಯ ಗೇಮಿನ ಬೊಂಬೆಗೆ ಹೊಸ ಬಾಳು

ಕಂಪ್ಯೂಟರ್ ಗೇಮಿನಲ್ಲಿ ಓಡಾಡುವ ಸೈನಿಕ, ರಾಕ್ಷಸ, ಅವರ ಕೈಯ ಬಂದೂಕು ಇವೆಲ್ಲ ಮೂರು ಆಯಾಮದ ಬೊಂಬೆಗಳು. ಇವುಗಳ ಅಳತೆ, ಆಕಾರಗಳನ್ನು ಹೊತ್ತಿರುವುದೇ ಮಾಡೆಲ್ ಫೈಲ್. ಆದರೆ ಆಟ ಚುರುಕಾಗಿ ಓಡಲೆಂದು ಕಂಪನಿಗಳು ಇದನ್ನು ತಮ್ಮದೇ ರೀತಿಯಲ್ಲಿ ಅಡಕ ಮಾಡಿಡುವುದರಿಂದ ಬೇರೆ ಸಾಫ್ಟ್‌ವೇರ್‌ಗಳಲ್ಲಿ ಸುಲಭವಾಗಿ ತೆರೆಯುವುದಿಲ್ಲ. ಮುಂಬಯಿ, ಪುಣೆ, ಹೈದರಾಬಾದ್‌ಗಳಲ್ಲಿ ಅನಿಮೇಷನ್ ಕಲಿಯುವ ಕನ್ನಡಿಗರ ಮಕ್ಕಳಿಗೆ ಇದನ್ನು ತೆರೆಯುವ ವಿದ್ಯೆ ಉಪಯುಕ್ತ.

ಅಮೆರಿಕದ ಇಡ್ ಸಾಫ್ಟ್‌ವೇರ್ 1996ರಲ್ಲಿ ಹೊರತಂದ 'ಕ್ವೇಕ್' ಇದಕ್ಕೆ ಒಳ್ಳೆಯ ಉದಾಹರಣೆ. ಇದರ ಎಂಡಿಎಲ್ ಫೈಲಿನಲ್ಲಿ ಬೊಂಬೆಯ ಪ್ರತಿ ಬಿಂದುವಿನ ಉದ್ದ, ಅಗಲ, ಎತ್ತರಕ್ಕೆ ತಲಾ ಒಂದೇ ಬೈಟ್ ಜಾಗ. ಅಂದರೆ 0ಯಿಂದ 255ರವರೆಗಿನ ಅಂಕಿ ಮಾತ್ರ. ನಿಜವಾದ ಅಳತೆ ಸಿಗಬೇಕಾದರೆ ಫೈಲಿನ ಆರಂಭದಲ್ಲಿರುವ ಪ್ರಮಾಣದಿಂದ ಅದನ್ನು ಗುಣಿಸಿ, ಜತೆಗಿರುವ ಇನ್ನೊಂದು ಅಂಕಿಯನ್ನು ಕೂಡಿಸಬೇಕು. ಪರಿವರ್ತನೆಯ ಸಾಫ್ಟ್‌ವೇರ್ ಈ ಲೆಕ್ಕ ಮಾಡಿ, ಬಿಂದುಗಳನ್ನೂ ಅವು ಸೇರಿ ಆಗುವ ತ್ರಿಕೋನಗಳನ್ನೂ 'ಒಬಿಜೆ' ರೂಪದಲ್ಲಿ ಸಾಲುಸಾಲಾಗಿ ಬರೆದಿಡುತ್ತದೆ. ಇದು ನೋಟ್‌ಪ್ಯಾಡ್‌ನಲ್ಲೂ ಓದಬಹುದಾದ ಸರಳ ಪಠ್ಯ. ಕೆಲವೇ ನೂರು ತ್ರಿಕೋನಗಳಲ್ಲಿ ಅಂದಿನ ಕಲಾವಿದರು ಹೇಗೆ ಜೀವ ತುಂಬಿದ್ದರೆಂದು ವಿದ್ಯಾರ್ಥಿಗಳು ಬಿಡಿಸಿ ನೋಡಬಹುದು.

ಆದರೆ ಇದರಲ್ಲಿ ಒಂದು ನಷ್ಟವೂ ಇದೆ. ಕ್ವೇಕ್‌ನಲ್ಲಿ ಬೊಂಬೆಯ ಪ್ರತಿ ಭಂಗಿಗೂ ಬಿಂದುಗಳ ಬೇರೆ ಪಟ್ಟಿಯಿದೆ. ಒಂದು ಒಬಿಜೆ ಫೈಲ್ ಹಿಡಿದಿಡುವುದು ಒಂದೇ ಭಂಗಿಯನ್ನು. ಮೈಬಣ್ಣದ ಚಿತ್ರವನ್ನೂ ಬೇರೆಯಾಗಿ ತೆಗೆದಿಡಬೇಕು. ಚಲನೆ ಉಳಿಯಬೇಕಾದರೆ ಕ್ರೋನೋಸ್ ಸಂಘಟನೆ 2015ರಲ್ಲಿ ಬಿಡುಗಡೆ ಮಾಡಿದ 'ಜಿಎಲ್‌ಟಿಎಫ್' ಸೂಕ್ತ. ಇದರ ಎರಡನೇ ಆವೃತ್ತಿಗೆ 2022ರಲ್ಲಿ ಐಎಸ್‌ಒ ಮಾನ್ಯತೆಯೂ ದೊರೆತಿದೆ. ಈ ಎರಡೂ ರೂಪಗಳನ್ನು 'ಬ್ಲೆಂಡರ್' ಉಚಿತವಾಗಿ ತೆರೆದು ತಿದ್ದಲು ಕೊಡುತ್ತದೆ. 2002ರಲ್ಲಿ ಸಾರ್ವಜನಿಕರಿಂದ 1 ಲಕ್ಷ ಯೂರೋ ವಂತಿಗೆ ಸಂಗ್ರಹಿಸಿ ಎಲ್ಲರಿಗೂ ಮುಕ್ತಗೊಳಿಸಿದ ಸಾಫ್ಟ್‌ವೇರ್ ಇದು ಎಂಬುದು ಗಮನಾರ್ಹ.

ಇಲ್ಲಿ ಎಚ್ಚರಿಕೆಯೊಂದು ಅಗತ್ಯ. ಇಡ್ ಸಾಫ್ಟ್‌ವೇರ್ 1999ರಲ್ಲಿ ಮುಕ್ತಗೊಳಿಸಿದ್ದು ಕ್ವೇಕ್‌ನ ಪ್ರೋಗ್ರಾಂ ಬರಹವನ್ನು, ಬೊಂಬೆಗಳನ್ನಲ್ಲ. ಫೈಲಿನ ರೂಪ ಬದಲಾದರೂ ಹಕ್ಕು ಮೂಲ ಒಡೆಯರದೇ. ಪರಿವರ್ತಿಸಿದ ಬೊಂಬೆಯನ್ನು ತನ್ನ ಕೃತಿಯೆಂದು ಉದ್ಯೋಗದ ಸಂದರ್ಶನದಲ್ಲಿ ತೋರಿಸಿದರೆ ಕೈಗೆ ಬಂದ ಕೆಲಸವೂ ಹೋದೀತು. ಅದನ್ನು ನೋಡಿ ಕಲಿತು, ಸ್ವಂತ ಬೊಂಬೆ ಕಟ್ಟುವುದೇ ಲೇಸು. ಬೀಗ ತೆರೆದ ಮಾತ್ರಕ್ಕೆ ಮನೆ ತನ್ನದಾಗುವುದಿಲ್ಲ.