ಸೋರುವ ಮಿಕ್ಸರ್ ನಲ್ಲಿಗೆ ಸರಿಯಾದ ಸ್ಪಿಂಡಲ್: ಆಯ್ಕೆಯ ಕ್ರಮ

ಬಿಸಿನೀರು ಮತ್ತು ತಣ್ಣೀರಿಗೆ ಪ್ರತ್ಯೇಕ ಹಿಡಿಗಳುಳ್ಳ ವಾಲ್ ಮಿಕ್ಸರ್‌ಗಳು ತುಮಕೂರು ನಗರದ ವಸತಿಗೃಹ, ನರ್ಸಿಂಗ್ ಹೋಂಗಳಲ್ಲಷ್ಟೇ ಅಲ್ಲದೆ ಗುಬ್ಬಿ, ಕುಣಿಗಲ್ ಪಟ್ಟಣಗಳ ಮನೆಗಳಲ್ಲೂ ಬಳಕೆಯಲ್ಲಿವೆ. ಇವು ಸೋರತೊಡಗಿದಾಗ ಕೆಟ್ಟಿರುವುದು ಬಹುಪಾಲು ಒಳಗಿನ ಸ್ಪಿಂಡಲ್ ಅಥವಾ ಅದರ ವಾಷರ್ ಮಾತ್ರ. ಆದರೂ ಹೊಂದುವ ಬಿಡಿಭಾಗ ದೊರೆಯದೆ ಇಡೀ ಮಿಕ್ಸರನ್ನೇ ಕಿತ್ತೊಗೆಯುವ ಪ್ರಸಂಗಗಳುಂಟು. ತಪ್ಪು ಸ್ಪಿಂಡಲ್ ಮಾರಿದ ವರ್ತಕನಿಗೆ ಸರಕು ಹಿಂದಿರುಗುತ್ತದೆ. ಹಳ್ಳಿಯಿಂದ ಬಂದ ಗ್ರಾಹಕನಿಗೆ ಬಸ್ಸಿನ ಖರ್ಚು, ಒಂದು ದಿನದ ಕೆಲಸ ಎರಡೂ ನಷ್ಟವಾಗುತ್ತವೆ.

ಸೋರಿಕೆಯ ನಷ್ಟವೂ ಅಲ್ಪವಲ್ಲ. ಒಂದು ಮಿಲಿಲೀಟರಿಗೆ ಸುಮಾರು 20 ಹನಿಗಳೆಂದು ಎಣಿಸಿದರೆ, ಸೆಕೆಂಡಿಗೊಂದು ಹನಿ ತೊಟ್ಟಿಕ್ಕುವ ನಲ್ಲಿಯಿಂದ ದಿನಕ್ಕೆ 4.3 ಲೀಟರ್ ನೀರು ಪೋಲಾಗುತ್ತದೆ. ಇಂತಹ 30 ನಲ್ಲಿಗಳಿರುವ ವಸತಿಗೃಹದಲ್ಲಿ ಇದು ದಿನಕ್ಕೆ ಸುಮಾರು 130 ಲೀಟರ್. ಸೋರುವುದು ಬಿಸಿನೀರಾದರೆ ವಿದ್ಯುತ್ತಿನ ವೆಚ್ಚವೂ ಸೇರುತ್ತದೆ.

ಮೊದಲು ದೋಷದ ಪತ್ತೆ

ಹಿಡಿಯ ಬುಡದಲ್ಲಿ ನೀರು ಜಿನುಗಿದರೆ ದೋಷವಿರುವುದು ಪ್ಯಾಕಿಂಗ್ ಅಥವಾ ರಬ್ಬರ್ ಉಂಗುರದಲ್ಲಿ. ನಲ್ಲಿಯ ಬಾಯಿಂದ ತೊಟ್ಟಿಕ್ಕಿದರೆ ವಾಷರ್ ಅಥವಾ ಅದು ಒತ್ತಿ ಕೂರುವ ಸೀಟ್ ಸವೆದಿರಬಹುದು. ಸೀಟ್ ಸವೆದಿದ್ದಲ್ಲಿ ಎಷ್ಟೇ ಹೊಸ ಸ್ಪಿಂಡಲ್ ಹಾಕಿದರೂ ಪ್ರಯೋಜನವಿಲ್ಲ. ಮೊದಲು ಸೀಟನ್ನು ಉಜ್ಜಿ ಸಮಗೊಳಿಸಬೇಕು. ಹಲವು ಸುತ್ತು ತಿರುಗುವ ಹಳೆಯ ಮಾದರಿಯಲ್ಲಿ ವಾಷರ್ ಮಾತ್ರ ಬದಲಿಸಿದರೆ ಸಾಕಾಗುವುದುಂಟು. ಕಾಲು ಅಥವಾ ಅರ್ಧ ಸುತ್ತಿಗೆ ತೆರೆಯುವ ಸೆರಾಮಿಕ್ ಡಿಸ್ಕ್ ಮಾದರಿಯಲ್ಲಿ ಡಿಸ್ಕ್‌ಗೆ ಗೀರು ಬಿದ್ದಿದ್ದರೆ ಸ್ಪಿಂಡಲನ್ನು ಪೂರ್ಣವಾಗಿ ಬದಲಿಸುವುದೇ ಸರಿ.

ನೋಡಬೇಕಾದ ನಾಲ್ಕು ಅಂಶಗಳು

1. ಥ್ರೆಡ್: ಹೆಚ್ಚಿನ ಗೊಂದಲ ಇಲ್ಲಿಯೇ. ಅರ್ಧ ಇಂಚಿನ ಬಿ.ಎಸ್.ಪಿ. ಥ್ರೆಡ್ಡಿನ ಹೊರವ್ಯಾಸ ಅಳತೆಗೆ ಅರ್ಧ ಇಂಚು ಬರುವುದಿಲ್ಲ, ಅದು 20.95 ಮಿ.ಮೀ., ಇಂಚಿಗೆ 14 ಸುತ್ತು. ಮೂರೆಂಟನೇ ಇಂಚಿನದಾದರೆ 16.66 ಮಿ.ಮೀ., ಇಂಚಿಗೆ 19 ಸುತ್ತು. ಸ್ಕೇಲಿನ ಬದಲು ವರ್ನಿಯರ್ ಕ್ಯಾಲಿಪರ್ ಬಳಸುವುದು ಅಗತ್ಯ. ಹೊಂದದ ಥ್ರೆಡ್ಡನ್ನು ಟೆಫ್ಲಾನ್ ಟೇಪ್ ಸುತ್ತಿ ಬಲವಂತವಾಗಿ ತಿರುಗಿಸಿದರೆ ಹಿತ್ತಾಳೆಯ ಬಾಡಿಯೇ ಹಾಳಾಗುತ್ತದೆ.

2. ತಲೆಯ ಹಲ್ಲುಗಳು: ಹಿಡಿ ಕೂರುವ ತುದಿಯ ಹಲ್ಲುಗಳ ಸಂಖ್ಯೆ ಮಾದರಿಯಿಂದ ಮಾದರಿಗೆ ಬದಲಾಗುತ್ತದೆ. 20 ಮತ್ತು 24 ಹಲ್ಲಿನವು ಕಣ್ಣಿಗೆ ಒಂದೇ ತೆರನಾಗಿ ತೋರುತ್ತವೆ. ಒಂದು ಹಲ್ಲಿಗೆ ಮಸಿ ಗುರುತಿಟ್ಟು ಎಣಿಸಿದರೆ ತಪ್ಪಾಗದು. ಕೆಲವು ಮಾದರಿಗಳ ತಲೆ ಚೌಕಾಕಾರವಾಗಿರುತ್ತದೆ.

3. ಉದ್ದ: ಬಾಡಿಯ ಮೇಲೆ ಕೂರುವ ಅಂಚಿನಿಂದ ಮೇಲಕ್ಕೂ ಕೆಳಕ್ಕೂ ಪ್ರತ್ಯೇಕವಾಗಿ ಅಳೆಯಬೇಕು. ಕೆಳಭಾಗ ಗಿಡ್ಡವಾದರೆ ವಾಷರ್ ಸೀಟನ್ನು ತಲುಪದು. ಮೇಲ್ಭಾಗ ಗಿಡ್ಡವಾದರೆ ಹಿಡಿಯು ಮುಚ್ಚಳಕ್ಕೆ ತಾಗಿ ನಲ್ಲಿ ಪೂರ್ತಿ ಮುಚ್ಚದು.

4. ತಿರುಗುವ ದಿಕ್ಕು: ಕಾಲು ಸುತ್ತಿನ ಅನೇಕ ಮಿಕ್ಸರ್‌ಗಳಲ್ಲಿ ಬಿಸಿ ಮತ್ತು ತಣ್ಣೀರಿನ ಹಿಡಿಗಳು ವಿರುದ್ಧ ದಿಕ್ಕಿಗೆ ತೆರೆಯುತ್ತವೆ. ಆದ್ದರಿಂದ ಎಡ ಮತ್ತು ಬಲದ ಸ್ಪಿಂಡಲ್‌ಗಳು ಬೇರೆಬೇರೆ. ಕೆಟ್ಟಿರುವುದು ಯಾವ ಕಡೆಯದೆಂದು ಗ್ರಾಹಕರನ್ನು ಕೇಳಿಯೇ ಕೊಡಬೇಕು.

ನೀರಿನ ಗುಣ

ತುಮಕೂರು ನಗರಕ್ಕೆ ಬುಗುಡನಹಳ್ಳಿ ಕೆರೆಯ ಮೂಲಕ ಹೇಮಾವತಿ ನೀರು ಬರುತ್ತದೆ. ಕೊಳವೆಬಾವಿಯನ್ನು ನಂಬಿರುವ ಕಡೆಗಳಲ್ಲಿ ಗಡಸು ನೀರಿನ ಸಮಸ್ಯೆಯಿದೆ. ಗಡಸು ನೀರು ಕಾದಾಗ ಸುಣ್ಣದಂಶ ಬೇರ್ಪಟ್ಟು ಗಟ್ಟಿಯಾಗುವುದರಿಂದ ಬಿಸಿನೀರಿನ ಕಡೆಯ ಸ್ಪಿಂಡಲ್ ಸಾಮಾನ್ಯವಾಗಿ ಮೊದಲು ಬಿಗಿಯಾಗುತ್ತದೆ. ಅದನ್ನು ಬಲದಿಂದ ತಿರುಗಿಸಿದಾಗ ಒಳಭಾಗ ಸವೆಯುತ್ತದೆ. ಬಿಚ್ಚಿದ ಭಾಗವನ್ನು ಕೆಲಕಾಲ ವಿನಿಗರ್‌ನಲ್ಲಿ ನೆನೆಸಿದರೆ ಸುಣ್ಣ ಕರಗಿ ಮರುಬಳಕೆ ಸಾಧ್ಯವಾಗಬಹುದು. ಹೊಸ ಸೆರಾಮಿಕ್ ಸ್ಪಿಂಡಲ್ ಕೂರಿಸುವ ಮೊದಲು ಸ್ವಲ್ಪ ನೀರು ಹರಿಯಬಿಟ್ಟು ಪೈಪಿನೊಳಗಿನ ಮರಳನ್ನು ಹೊರಹಾಕಬೇಕು. ಮರಳಿನ ಒಂದು ಕಣವೂ ಡಿಸ್ಕಿಗೆ ಗೀರು ಹಾಕಬಲ್ಲದು.

ವರ್ತಕರು ಮತ್ತು ತಯಾರಕರಿಗೆ

ಗುಜರಾತಿನ ಜಾಮ್‌ನಗರ ಹಿತ್ತಾಳೆ ಬಿಡಿಭಾಗಗಳ ತಯಾರಿಕೆಗೆ ಹೆಸರಾದ ಕೇಂದ್ರ. ದೂರದಿಂದ ತರಿಸುವ ಸರಕಿಗೆ ಬೇಡಿಕೆ ಕಳಿಸುವಾಗ ಕೇವಲ ‘ಅರ್ಧ ಇಂಚು’ ಎಂದು ಬರೆಯದೆ ಮೇಲಿನ ನಾಲ್ಕೂ ವಿವರ ನಮೂದಿಸುವುದು ಕ್ಷೇಮ. ಅಂಗಡಿಯಲ್ಲಿ ಹೆಚ್ಚು ಕೇಳಿಬರುವ ಮಾದರಿಗಳನ್ನು ಒಂದು ಹಲಗೆಗೆ ಜೋಡಿಸಿ, ಪ್ರತಿಯೊಂದರ ಅಳತೆ ಬರೆದಿಟ್ಟರೆ ಹುಡುಕುವ ಶ್ರಮ ಉಳಿಯುತ್ತದೆ. ಗ್ರಾಹಕರಿಗೆ ಹಳೆಯ ಸ್ಪಿಂಡಲ್ ಜೊತೆಗೆ ಹಿಡಿಯನ್ನೂ ತರಲು ಹೇಳಿದರೆ ಹೊಂದಾಣಿಕೆಯನ್ನು ಗಲ್ಲಾದ ಮುಂದೆಯೇ ಪರೀಕ್ಷಿಸಬಹುದು.

ಅಂತರಸನಹಳ್ಳಿ, ಹಿರೇಹಳ್ಳಿಯಂತಹ ಕೈಗಾರಿಕಾ ಪ್ರದೇಶಗಳ ಲೇತ್ ಘಟಕಗಳು ಮಾದರಿ ನೋಡಿ ವಾಷರ್ ಬಗೆಯ ಹಿತ್ತಾಳೆ ಸ್ಪಿಂಡಲ್ ಕಡೆದುಕೊಡಬಲ್ಲವು. ಆದರೆ ಸವೆದ ಹಳೆಯ ತುಂಡನ್ನೇ ಅಳತೆಯಾಗಿ ಹಿಡಿದರೆ ಅದರ ಸವೆತವೂ ಹೊಸತಿಗೆ ಇಳಿಯುತ್ತದೆ. ಥ್ರೆಡ್ಡಿಗೆ ಬಿ.ಎಸ್.ಪಿ. ಪಟ್ಟಿಯ ಅಳತೆಯನ್ನೇ ಅನುಸರಿಸಬೇಕು. ತಿರುಪು ಮಾದರಿಯ ಎರಕದ ನಲ್ಲಿಗಳಿಗೆ ಐ.ಎಸ್. 781, ಮಿಕ್ಸರ್ ಸೇರಿದ ಅಲಂಕಾರಿಕ ನಲ್ಲಿಗಳಿಗೆ ಐ.ಎಸ್. 8931 ಎಂಬ ಭಾರತೀಯ ಮಾನಕಗಳಿವೆ.

ಸ್ಪಿಂಡಲ್ ಸಣ್ಣ ಲಾಭದ ಸರಕು. ಆದರೆ ಮೊದಲ ಸಲವೇ ಸರಿಯಾದುದನ್ನು ಕೊಡುವ ಅಂಗಡಿಗೆ, ಮುಂದೆ ಇಡೀ ಮನೆಯ ಕೊಳಾಯಿ ಸಾಮಗ್ರಿ ಕೊಳ್ಳುವಾಗಲೂ ಅದೇ ಗ್ರಾಹಕರು ಬರುತ್ತಾರೆ.