575 ಮೆಟ್ಟಿಲ ಮೇಲೆ ಯಾರೋ ಕಾಯುತ್ತಾರೆ!

ಹಸಿರು ಭತ್ತದ ಗದ್ದೆಗಳ ನಡುವೆ ಯಾರೋ ಬಂಡೆಗಳನ್ನು ಒಟ್ಟಿ ಮರೆತು ಹೋದಂತೆ ನಿಂತಿದೆ ಅಂಜನಾದ್ರಿ! ಅದರ ಮೈಮೇಲೆ ಬಳುಕುತ್ತ ಏರುವ ಆ ಬಿಳಿ ಗೆರೆಯೇ ಮೆಟ್ಟಿಲ ಸಾಲು. ಒಟ್ಟು 575! ಗಂಗಾವತಿಯಿಂದ ಬರುವಾಗ ಬಸ್ಸಿನ ಕಿಟಕಿಯಲ್ಲಿ ಅದು ಕಂಡಾಗಲೇ ನನ್ನ ಮಂಡಿ ಅಳುಕಿತ್ತು.

ನೂರು ಹತ್ತುವಷ್ಟರಲ್ಲಿ ಎದೆಯೊಳಗೆ ಡೊಳ್ಳು. ಇನ್ನೂರಕ್ಕೆ ಅಂಗಿ ಬೆನ್ನಿಗಂಟಿತು. ಬಂಡೆಯ ನೆರಳಿಗೆ ಕುಸಿದೆ. ಆಗ ನನ್ನನ್ನು ದಾಟಿ ಹೊರಟಳು ನೋಡಿ ಒಬ್ಬ ಅಜ್ಜಿ! ಇಳಕಲ್ ಸೀರೆಯ ಸೆರಗು ಸೊಂಟಕ್ಕೆ, ಕಾಯಿ-ಕರ್ಪೂರದ ಚೀಲ ಕೈಗೆ, ಕಾಲು ಬರಿಗಾಲು. ಎಪ್ಪತ್ತೈದಕ್ಕೆ ಕಡಿಮೆಯಿಲ್ಲ.

“ಯವ್ವಾ, ಕಾಲು ನೋಯಂಗಿಲ್ಲೇನು?”

“ನೋಯ್ತಾವ ತಮ್ಮಾ. ಮನ್ಯಾಗ ಕುಂತ್ರೂ ನೋಯ್ತಾವ. ಇಲ್ಲಾದ್ರ ಹನಮಪ್ಪನ ಮಾರಿ ಆದ್ರೂ ಕಾಣ್ತೈತಿ.”

ವಾರಕ್ಕೆ 150 ನಿಮಿಷವಾದರೂ ಚುರುಕಾಗಿ ನಡೆಯುವಷ್ಟು ಶ್ರಮ ಬೇಕು, 65 ದಾಟಿದವರು ಬೀಳದಂತಿರಲು ಮೂರು ದಿನ ಸಮತೋಲನದ ಕಸರತ್ತೂ ಮಾಡಬೇಕು ಎನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ಅದನ್ನು ಬರೆದು ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದವನು ನಾನು. ಬಾಗಿಲು ತೆಗೆಯುವ ಕೈಗಷ್ಟೇ ವ್ಯಾಯಾಮವಾಯಿತು! ಈ ಅಜ್ಜಿಗೆ ನಿಮಿಷದ ಲೆಕ್ಕವೇ ಬೇಕಿಲ್ಲ. ಮೇಲೆ ಒಬ್ಬ ಕಾಯುತ್ತಿದ್ದಾನೆ, ಅಷ್ಟೇ.

ಥಟ್ಟನೆ ನೆನಪಾದರು, ಇದೇ ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ. 14ರ ಹರೆಯದಲ್ಲಿ ತೊಗಲುಗೊಂಬೆ ಕೈಗೆತ್ತಿಕೊಂಡ ಆ ತಾಯಿಗೆ 2025ರಲ್ಲಿ ಪದ್ಮಶ್ರೀ ಬಂದಾಗ ವಯಸ್ಸು 96! ಗೊಂಬೆಯಾಟವೆಂದರೆ ಕೂತ ಕೆಲಸವೆಂದುಕೊಂಡಿದ್ದೆ. ಎಲ್ಲಿಯ ಮಾತು! ಪರದೆಯ ಹಿಂದೆ ತೋಳು ಎತ್ತಿಯೇ ಇರಬೇಕು, ಬಾಯಿ ಹಾಡುತ್ತಲೇ ಇರಬೇಕು. ಹನುಮಂತ ಲಂಕೆಗೆ ಹಾರಬೇಕಾದರೆ ಮೊದಲು ಆಡಿಸುವವರ ಕೈ ಹಾರಬೇಕಲ್ಲ!

ಎದ್ದೆ. ಹತ್ತಿದೆ. ಎಣಿಸುವುದನ್ನು ಬಿಟ್ಟ ಮೇಲೆ ಮೆಟ್ಟಿಲು ಯಾವಾಗ ಮುಗಿದವೋ ತಿಳಿಯಲಿಲ್ಲ. ಕೆಳಗೆ ತುಂಗಭದ್ರೆ, ತೆಂಗು, ಬಾಳೆ, ಬಂಡೆಗಳ ಸಂತೆ, ಆಚೆ ದಡದಲ್ಲಿ ಹಂಪಿ! ಎಷ್ಟು ಹೊತ್ತು ನಿಂತೆನೋ.

ಇಳಿಯುವಾಗ ತೊಡೆ ಗಡಗಡ. ಹತ್ತುವಾಗ ಮೈ ಎತ್ತಿದ ಸ್ನಾಯು ಇಳಿಯುವಾಗ ಬ್ರೇಕಿನಂತೆ ಹಿಡಿದು ಹಿಡಿದು ಬಿಡಬೇಕು, ಮರುದಿನದ ನೋವು ಅಲ್ಲಿಂದಲೇ ಶುರು. ಅಜ್ಜಿ ಆಗಲೇ ಕೆಳಗಿಳಿದು ಒಗ್ಗರಣಿ-ಮಿರ್ಚಿ ಮುಂದಿಟ್ಟುಕೊಂಡು ಕೂತಿದ್ದಳು.

“ಬರೂ ಶನಿವಾರ ಬರ್ತಿಯೇನ ತಮ್ಮಾ?”