ವಾಸಿಸುವವನೇ ಮನೆಯೊಡೆಯ: ಔರಾದ್ ಸೀಮೆಯ ತಾಂಡಾಗಳು

ಬೀದರ್‌ನಿಂದ ಔರಾದ್ ರಸ್ತೆ ಹಿಡಿದು ಮಾಂಜ್ರಾ ನದಿ ದಾಟಿದರೆ ಕೆಂಪು ನೆಲ ಹಿಂದೆ ಸರಿದು ಕರಿನೆಲ ಎದುರಾಗುತ್ತದೆ. ತೊಗರಿ, ಸೋಯಾ ಹೊಲಗಳ ನಡುವೆ, ಊರಿಗೆ ತುಸು ದೂರದಲ್ಲಿ ಲಂಬಾಣಿ ತಾಂಡಾಗಳಿವೆ. ಭಾಲ್ಕಿ ಕಡೆಯೂ ಇವೆ. ತಾಂಡಾಕ್ಕೊಬ್ಬ ನಾಯಕ್, ಅವನ ಜೊತೆಗೆ ಕಾರಭಾರಿ. ನಡುವೆ ಸಂತ ಸೇವಾಲಾಲರ ಗುಡಿ. ಶ್ರಾವಣ ಬಂದರೆ ಹುಡುಗಿಯರು ಬುಟ್ಟಿಯಲ್ಲಿ ಗೋಧಿ ಸಸಿ ಬೆಳೆಸಿ ತೀಜ್ ಆಡುತ್ತಾರೆ. ಮನೆಯಲ್ಲಿ ಗೋರ್ ಬೋಲಿ; ಸಂತೆಗೆ ಹೋದರೆ ಕನ್ನಡ, ಮರಾಠಿ, ದಖನಿ.

ಇವರ ಹಿರಿಯರು ಎತ್ತುಗಳ ಮೇಲೆ ಉಪ್ಪು, ದವಸ ಹೇರಿಕೊಂಡು ದೇಶ ತಿರುಗಿದವರು. ರೈಲು ಬಂದ ಮೇಲೆ ಆ ಕಸುಬು ಮುರಿಯಿತು. ಎತ್ತಿನ ಹೇರು ಇಳಿಸಿದಲ್ಲೇ ಗುಡಿಸಲು ಎದ್ದಿತು. ಆದರೆ ನೆಲ ಕೆಲವೆಡೆ ಸರ್ಕಾರದ್ದು, ಕೆಲವೆಡೆ ಯಾರದೋ ಪಟ್ಟಾ. ತಲೆಮಾರುಗಳು ಬಾಳಿದರೂ ಇಂಥ ತಾಂಡಾ ಕಂದಾಯ ದಾಖಲೆಯಲ್ಲಿ ಊರೇ ಆಗಿರಲಿಲ್ಲ. ಮನೆ ತಮ್ಮದೆನ್ನಲು ಒಂದು ಚೀಟಿಯೂ ಇರಲಿಲ್ಲ.

1974ರ ಭೂಸುಧಾರಣೆ ‘ಉಳುವವನೇ ಹೊಲದೊಡೆಯ’ ಎಂದಿತು. ‘ವಾಸಿಸುವವನೇ ಮನೆಯೊಡೆಯ’ ಎಂಬ ಮಾತಿಗೆ ಕಾನೂನಿನ ಬಲ ಬರಲು 2016ರ ತಿದ್ದುಪಡಿಯವರೆಗೆ ಕಾಯಬೇಕಾಯಿತು. ಬೀದರ್ ಸೇರಿ ಐದು ಜಿಲ್ಲೆಗಳಲ್ಲಿ ಸುಮಾರು 1,475 ದಾಖಲೆರಹಿತ ಜನವಸತಿಗಳನ್ನು ಕಂದಾಯ ಗ್ರಾಮಗಳೆಂದು ಘೋಷಿಸಲಾಯಿತು. 2023ರ ಜನವರಿ 19ರಂದು ಕಲಬುರಗಿ ಜಿಲ್ಲೆಯ ಮಳಖೇಡದಲ್ಲಿ ಈ ಜಿಲ್ಲೆಗಳ 50 ಸಾವಿರಕ್ಕೂ ಹೆಚ್ಚು ಫಲಾನುಭವಿಗಳಿಗೆ ಪ್ರಧಾನಿ ಹಕ್ಕುಪತ್ರ ವಿತರಣೆಗೆ ಚಾಲನೆ ಕೊಟ್ಟರು.

ಪತ್ರದಲ್ಲಿ ಯಾರ ಹೆಸರಿದೆ ಎಂಬುದೇ ಮುಖ್ಯ. ಅದು ಏಕೆ ಎಂಬುದಕ್ಕೆ ದೂರದ ಒಂದು ಉದಾಹರಣೆ ನೋಡಿ. ಆಸ್ಟ್ರೇಲಿಯಾದ ಸಿಡ್ನಿ ನಗರದ ರೆಡ್‌ಫರ್ನ್‌ನಲ್ಲಿ ‘ದಿ ಬ್ಲಾಕ್’ ಎಂಬ ಮೂಲನಿವಾಸಿಗಳ ಕೇರಿ ಇದೆ. 1973ರಲ್ಲಿ ಸರ್ಕಾರದ ಅನುದಾನ ಪಡೆದು ಅಲ್ಲಿನ ಮನೆಗಳನ್ನು ಕೊಂಡದ್ದು ಮೂಲನಿವಾಸಿಗಳದೇ ವಸತಿ ಸಂಸ್ಥೆ. ಮುಂದೆ ಮನೆಗಳು ನೆಲಸಮವಾದವು. ಮೊದಲು ವಾಣಿಜ್ಯ ಕಟ್ಟಡ, ಆಮೇಲೆ ಬಡವರ ಮನೆ ಎಂಬ ಲೆಕ್ಕಾಚಾರಕ್ಕೆ ಸಂಸ್ಥೆ ಬಂತು. 2014ರಲ್ಲಿ ಹಿರಿಯ ಮಹಿಳೆ ಜೆನ್ನಿ ಮನ್ರೋ ಮುಂದಾಳತ್ವದಲ್ಲಿ ಜನ ಆ ಬಯಲಲ್ಲಿ ಡೇರೆ ಹಾಕಿ ಕೂತರು. ಒಂದು ವರ್ಷದ ಮೇಲೆ, 62 ಕೈಗೆಟಕುವ ಮನೆಗಳಿಗೆ ಸರ್ಕಾರದ ಹಣದ ಭರವಸೆ ಸಿಕ್ಕ ಬಳಿಕವೇ ಎದ್ದರು. ಸಂಸ್ಥೆ ತಮ್ಮವರದೇ ಆದರೂ ಪತ್ರದಲ್ಲಿ ತಮ್ಮ ಹೆಸರಿಲ್ಲದವರು ಬೀದಿಯಲ್ಲಿ ಕೂರಬೇಕಾಯಿತು.

ಅದಕ್ಕೇ ತಾಂಡಾದ ಕಟ್ಟಕಡೆಯ ಮನೆಗೂ, ಬಾಳುವವರ ಹೆಸರಲ್ಲೇ, ಪತ್ರ ತಲುಪಬೇಕು. ಸುಗ್ಗಿ ಮುಗಿದರೆ ಎಷ್ಟೋ ಮಂದಿ ಹೈದರಾಬಾದ್, ಪುಣೆ, ಮುಂಬೈಗೆ ದುಡಿಯಲು ಹೊರಡುತ್ತಾರೆ. ಬಾಗಿಲಿಗೆ ಹಾಕಿದ ಬೀಗ ಕಳ್ಳನನ್ನು ತಡೆದೀತು. ಮರಳಿ ಬಂದಾಗ ಮನೆ ತಮ್ಮದಾಗಿಯೇ ಇರಲು ಆ ಪತ್ರವೇ ಬೇಕು.